ಎಂಟನೆಯ ಪ್ಯಾರಾಚೂಟು

ನಾನು ಈ ಊರಿನ ಬಸ್ಸು ಓಡಿಸುತ್ತೇನೆ. ನನ್ನ ದಾರಿಯಲ್ಲಿ ಒಂದು ನಿಲ್ದಾಣದ ಹೆಸರು ‘ಏಳು ಜನರ ಕಲ್ಲು’. ಹಳೆಯ ವಿಮಾನ ನೆಲೆಯ ಗೇಟಿನ ಎದುರು ನಿಂತಿರುವ ಕಪ್ಪು ಕಲ್ಲು ಅದು. ಯುದ್ಧದ ಕಾಲದಲ್ಲಿ ಇಲ್ಲಿಂದ ಬಾಂಬು ಹಾಕಲು ಹೋಗಿ ಬಿದ್ದುಹೋದ ವಿಮಾನಗಳು ಬೇಕಾದಷ್ಟಿವೆ. ಆದರೆ ಬಿದ್ದ ಜಾಗವೇ ಗೊತ್ತಾಗದೆ ಹೋದದ್ದು ಒಂದೇ. ಅದರಲ್ಲಿದ್ದ ಏಳು ಮಂದಿಗೆ ಸಮಾಧಿಯೂ ಇಲ್ಲವಲ್ಲ ಎಂದು ಊರಿನವರು ಆ ಕಲ್ಲು ನಿಲ್ಲಿಸಿ ಹೆಸರು ಕೆತ್ತಿಸಿದರು. ವರ್ಷಕ್ಕೊಮ್ಮೆ ಅಲ್ಲಿ ಹೂವಿಟ್ಟು ಹೆಸರುಗಳನ್ನು ಓದುತ್ತಾರೆ. ಆ ದಿನ ನನ್ನ ಬಸ್ಸಿನ ತುಂಬ ಜನ. ಇಳಿಯುವಾಗ ಕೆಲವರು ನನ್ನ ಮುಖ ನೋಡಿಯೂ ನೋಡದವರ ಹಾಗೆ ಇಳಿದುಹೋಗುತ್ತಾರೆ.

ಯಾಕೆಂದರೆ ನಮ್ಮದು ಈ ಊರಲ್ಲಿ ‘ಓಡಿಹೋದವನ ಮನೆ’. ನನ್ನ ತಾತ ಅದೇ ನೆಲೆಯಲ್ಲಿ ಎಂಜಿನ್ ಮೆಕ್ಯಾನಿಕ್ ಆಗಿದ್ದ. ಆ ವಿಮಾನ ಹಿಂತಿರುಗದ ದಿನವೇ ಅವನೂ ನಾಪತ್ತೆ. ಏಳು ಮಂದಿ ಪ್ರಾಣ ಕೊಟ್ಟ ದಿನ ಒಬ್ಬ ಕೆಲಸ ಬಿಟ್ಟು ಪರಾರಿಯಾದ ಎಂದರೆ ಜನರ ಬಾಯಿಯ ಬಗ್ಗೆ ಕೇಳಬೇಕೆ? ಸೈನ್ಯದವರು ಅವನನ್ನು ಓಡಿಹೋದವನೆಂದು ಬರೆದು ಕೈ ತೊಳೆದುಕೊಂಡರು. ಆಗ ಅಜ್ಜಿಯ ಹೊಟ್ಟೆಯಲ್ಲಿ ನನ್ನ ಅಪ್ಪ. ಅಪ್ಪ ಶಾಲೆಯಲ್ಲಿ ಹೊಡೆದಾಡಿ ಹೊಡೆದಾಡಿ ಮೂಗು ಸೊಟ್ಟ ಮಾಡಿಕೊಂಡವನು. ಸಾಯುವವರೆಗೂ ಆ ಕಲ್ಲಿನ ಮುಂದೆ ನಡೆದುಹೋಗಲಿಲ್ಲ, ಸುತ್ತು ಬಳಸಿ ಮಾರುಕಟ್ಟೆಗೆ ಹೋಗುತ್ತಿದ್ದ. ನಾನು ಡಿಪೋ ಸೇರಿದ ಹೊಸತರಲ್ಲಿ ಒಬ್ಬ ಹಿರಿಯ ಡ್ರೈವರ್, “ಓಡೋದೇನೋ ನಿಮ್ಮ ವಂಶಕ್ಕೆ ಬರುತ್ತೆ, ನಿಲ್ಲೋದೊಂದು ಕಲ್ತ್ಕೊಳಮ್ಮ” ಎಂದ. ಅವನು ಆಚೆ ತಿರುಗಿದಾಗ ಅವನ ಚಹಾಕ್ಕೆ ಉಪ್ಪು ಸುರಿದು ಸಮಾಧಾನ ಮಾಡಿಕೊಂಡೆ. ಸಿಟ್ಟು ಬಂದರೆ ಸಣ್ಣದೊಂದು ಚೇಷ್ಟೆಯನ್ನಾದರೂ ಮಾಡದೆ ಇರಲಾರೆ, ಅದು ಅಜ್ಜಿಯಿಂದ ಬಂದ ಬುದ್ಧಿ.

ಅಜ್ಜಿಗೆ ತೊಂಬತ್ತು ದಾಟಿದೆ. ಕಾಲು ಸೋತಿದೆ, ನಾಲಿಗೆ ಸೋತಿಲ್ಲ. ಕಿವಿ ಬೇಕಾದಾಗ ಕೇಳುತ್ತದೆ, ಬೇಡವಾದಾಗ ಇಲ್ಲ. ಯುದ್ಧದ ಕಾಲದಲ್ಲಿ ಅವಳು ನೆಲೆಯ ಪ್ಯಾರಾಚೂಟು ಶೆಡ್ಡಿನಲ್ಲಿ ಕೆಲಸಕ್ಕಿದ್ದಳು. ಉದ್ದನೆಯ ಮೇಜಿನ ಮೇಲೆ ರೇಷ್ಮೆಯನ್ನು ಹಾಸಿ, ಸುಕ್ಕಿಲ್ಲದಂತೆ ಮಡಚಿ, ಹಗ್ಗಗಳನ್ನು ಸಿಕ್ಕಾಗದಂತೆ ಸುತ್ತಿ, ದಿಂಬಿನಂಥ ಚೀಲಕ್ಕೆ ತುಂಬುವ ಕೆಲಸ. ಹಾರುವವರು ಆ ಚೀಲವನ್ನು ವಿಮಾನದಲ್ಲಿ ಪಕ್ಕಕ್ಕಿಟ್ಟುಕೊಂಡು, ಜಿಗಿಯಬೇಕಾದಾಗ ಮಾತ್ರ ಎದೆಗೆ ಕೊಕ್ಕೆಯಿಂದ ಸಿಕ್ಕಿಸಿಕೊಳ್ಳುತ್ತಿದ್ದರು. ಶೆಡ್ಡಿನ ವಿಷಯ ಕೇಳಿದರೆ ಅಜ್ಜಿ ಗಂಟೆಗಟ್ಟಲೆ ಮಾತಾಡುವಳು. ತಾತನ ವಿಷಯ ಕೇಳಿದರೆ ಕಿವಿ ಕೇಳುತ್ತಿರಲಿಲ್ಲ. ಮನೆಯಲ್ಲಿ ಅವನಿಗೆ ಹೆಸರೇ ಇರಲಿಲ್ಲ, ತೀರಾ ಬೇಕಾದಾಗ ‘ಆ ಮನುಷ್ಯ’.

ಹೀಗಿರುವಾಗ ಊರಾಚೆಯ ದೊಡ್ಡ ಕೆರೆಯ ಕಟ್ಟೆ ರಿಪೇರಿಗೆಂದು ನೀರು ಬಿಟ್ಟರು. ಕೆಸರಿನಲ್ಲಿ ವಿಮಾನದ ಬಾಲ ಕಂಡಿತು. ಇಷ್ಟು ವರ್ಷ ಎಲ್ಲೋ ಶತ್ರುವಿನ ನೆಲದಲ್ಲಿ ಬಿದ್ದಿದೆ ಎಂದುಕೊಂಡಿದ್ದ ಏಳು ಜನರ ವಿಮಾನ ರಾತ್ರಿಯ ಕತ್ತಲಲ್ಲಿ ಯಾರ ಕಣ್ಣಿಗೂ ಬೀಳದೆ ಮನೆ ಬಾಗಿಲಿಗೆ ಬಂದು ಮುಳುಗಿತ್ತು. ಊರಿಗೆ ಊರೇ ದಡದಲ್ಲಿ ನಿಂತು ನೋಡಿತು. ನೆಲೆಯಲ್ಲಿ ವಿಮಾನ ನಿಲ್ಲಿಸುತ್ತಿದ್ದ ಹಳೆಯ ಹ್ಯಾಂಗರಿನಲ್ಲಿ ಒಂದು ಸಣ್ಣ ಮ್ಯೂಸಿಯಂ ಇದೆ, ಅದನ್ನು ನೋಡಿಕೊಳ್ಳುವ ಮೇಡಂ ಕ್ರೇನು ತರಿಸಿ ವಿಮಾನದ ತುಂಡುಗಳನ್ನು ಅಲ್ಲಿಗೆ ಸಾಗಿಸಿದರು. ಕೆಲವು ವಾರಗಳ ನಂತರ ಅವರು ನನ್ನ ಬಸ್ಸಿಗೇ ಹತ್ತಿ, ಕೊನೆಯ ನಿಲ್ದಾಣದವರೆಗೂ ಇಳಿಯದೆ ಕೂತು, ಎಲ್ಲರೂ ಇಳಿದ ಮೇಲೆ ನನ್ನ ಪಕ್ಕಕ್ಕೆ ಬಂದರು.

“ಒಳಗೆ ಎಂಟು ಜನರ ಮೂಳೆ ಸಿಕ್ಕಿವೆ” ಎಂದರು.

“ಏಳಲ್ವಾ?”

“ಎಂಟು. ಎಂಟನೆಯವನ ಕಾಲಲ್ಲಿರೋದು ಹಾರೋರ ಬೂಟಲ್ಲ, ವರ್ಕ್‌ಶಾಪಿನವರ ಬೂಟು. ಆ ದಿನ ನೆಲೆಯಿಂದ ಕಾಣೆಯಾದವರು ಇನ್ನೊಬ್ಬರೇ.”

ನಾನು ಸ್ಟಿಯರಿಂಗ್ ಹಿಡಿದುಕೊಂಡೇ ಕೂತಿದ್ದೆ. ಮೇಡಂ ಒಂದು ಸಣ್ಣ ಟ್ಯೂಬು ಕೊಟ್ಟು ಅದಕ್ಕೆ ಉಗುಳಲು ಹೇಳಿದರು. ಬಾಯಿ ಒಣಗಿ ಉಗುಳೇ ಬರಲಿಲ್ಲ. ಕೊನೆಗೆ ನೀರು ಕುಡಿದು, ಕಾದು, ಹೇಗೋ ತುಂಬಿಸಿದೆ. ಪರೀಕ್ಷೆಯ ಉತ್ತರ ಬಂದಾಗ ಅನುಮಾನಕ್ಕೆ ಜಾಗ ಇರಲಿಲ್ಲ. ಅವನು ನನ್ನ ತಾತ.

ಆಗಿನ ರೂಢಿಯನ್ನು ಮೇಡಂ ವಿವರಿಸಿದರು. ಎಂಜಿನ್ ಪದೇ ಪದೇ ಕೈಕೊಟ್ಟರೆ, ರಿಪೇರಿ ಮಾಡಿದ ಮೆಕ್ಯಾನಿಕ್ಕನ್ನೇ ಪರೀಕ್ಷೆಯ ಹಾರಾಟಕ್ಕೆ ಹತ್ತಿಸಿಕೊಳ್ಳುತ್ತಿದ್ದರು. ತಾನು ಬಿಗಿದ ಬೋಲ್ಟಿನ ಮೇಲೆ ತನ್ನ ಪ್ರಾಣವೂ ಇರಲಿ ಎಂದು. ಬಾಂಬು ಹಾಕಲು ಹೋಗುವಾಗ ಮಾತ್ರ ಹಾಗೆ ಹತ್ತಿಸಿಕೊಳ್ಳುವುದು ದೊಡ್ಡ ಅಪರಾಧ. ಆದರೂ ಕದ್ದುಮುಚ್ಚಿ ನಡೆಯುತ್ತಿತ್ತಂತೆ. ಆ ವಿಮಾನದ ಒಂದು ಎಂಜಿನ್ ಆ ವಾರವೆಲ್ಲ ಕಾಟ ಕೊಟ್ಟಿತ್ತು. ಅವನು ಹತ್ತಿದ್ದು ಗೊತ್ತಿದ್ದವರೆಲ್ಲ ವಿಮಾನದೊಳಗೇ ಇದ್ದರು, ಹೇಳುವುದಕ್ಕೆ ಯಾರೂ ಉಳಿಯಲಿಲ್ಲ.

ಓಡಿಹೋಗಿರಲಿಲ್ಲ! ನಾನು ಡಿಪೋಗೆ ಹೋಗಿ ಊಟದ ಕೋಣೆಯಲ್ಲಿ ಬೆಂಚಿನ ಮೇಲೆ ನಿಂತು ಕೂಗಿ ಹೇಳಿದೆ. ಹಿರಿಯ ಡ್ರೈವರ್ ರಿಟೈರ್ ಆಗಿ ಮನೆಯಲ್ಲಿದ್ದ, ಅವನಿಗೆ ಫೋನು ಮಾಡಿ ಹೇಳಿದೆ. ಅಪ್ಪನಿಗೆ ಹೇಳಲು ಆಗಲಿಲ್ಲವಲ್ಲ ಎಂದು ಬಸ್ಸಿನ ಹಿಂದಿನ ಸೀಟಿನಲ್ಲಿ ಕೂತು ಗೊಳೋ ಎಂದು ಅತ್ತೆ. ಆಮೇಲೆ ಮನೆಗೆ ಹೋದೆ. ಅಜ್ಜಿ ಕಿಟಕಿಯ ಬಳಿ ಬಟಾಣಿ ಸುಲಿಯುತ್ತಿದ್ದಳು.

“ಅಜ್ಜಿ, ತಾತ ಎಲ್ಲೂ ಓಡಿಹೋಗಿರಲಿಲ್ಲ. ಅದೇ ವಿಮಾನದಲ್ಲಿದ್ದ. ಕೆರೆಯಲ್ಲಿ ಸಿಕ್ಕಿದ್ದಾನೆ.”

ಈ ಸಲ ಅವಳ ಕಿವಿ ಚೆನ್ನಾಗಿಯೇ ಕೇಳಿತು. ಬಟಾಣಿ ಸಿಪ್ಪೆ ಕೈಯಲ್ಲೇ ಉಳಿಯಿತು.

“ವಿಮಾನದಲ್ಲಾ?”

“ಹೌದು.”

“ನನ್ನ ಬಿಟ್ಟು ಹೋಗಿರಲಿಲ್ವಾ?”

“ಇಲ್ಲ ಅಜ್ಜಿ.”

ಅವಳು ಅಳಲಿಲ್ಲ. ಅವಳ ಮುಖ ಬಿಳಿಚಿಕೊಂಡಿತು, ತುಟಿ ಏನೋ ಲೆಕ್ಕ ಹಾಕುವ ಹಾಗೆ ಅಲ್ಲಾಡಿತು. ಸಂತೋಷದ ಆಘಾತ ಎಂದುಕೊಂಡು ನಾನು ಅವಳನ್ನು ಅಪ್ಪಿ ಹಿಡಿದೆ. “ಕಲ್ಲಿನ ಮೇಲೆ ಅವನ ಹೆಸರು ಕೆತ್ತಿಸ್ತೀನಿ ನೋಡ್ತಿರು. ನಿನ್ನ ಕರ್ಕೊಂಡೋಗಿ ಎಲ್ಲರಿಗಿಂತ ಮುಂದೆ ನಿಲ್ಲಿಸ್ತೀನಿ. ಯಾರು ಏನಂತಾರೆ ಅಂತ ನಾನೂ ನೋಡ್ತೀನಿ” ಎಂದೆ. ಇಷ್ಟು ವರ್ಷ ಅವಳನ್ನು ಆ ಕಲ್ಲಿನ ಹತ್ತಿರ ಯಾರೂ ಕರೆದಿರಲಿಲ್ಲ. ಒಂದೇ ಒಂದು ಸಲ, ಅಪ್ಪ ಚಿಕ್ಕವನಿದ್ದಾಗ, ಹೂವು ಹಿಡಿದು ಹೋಗಿದ್ದಳಂತೆ. ಯಾರೋ ಏನೋ ಅಂದರು, ಹೂವನ್ನು ಕೈಯಲ್ಲೇ ಹಿಡಿದು ವಾಪಸು ಬಂದಳು. ಸಾಯುವ ಮುಂಚೆ ಒಮ್ಮೆ ಅಲ್ಲಿ ನಿಲ್ಲಬೇಕು ಅನ್ನುವುದು ಅವಳು ಬಾಯಿಬಿಟ್ಟು ಹೇಳದ ಆಸೆ, ಅದು ನನಗೆ ಗೊತ್ತಿತ್ತು.

ಹೆಸರು ಕೆತ್ತಿಸುವುದು ಅಂದುಕೊಂಡಷ್ಟು ಸುಲಭವಾಗಿರಲಿಲ್ಲ. ತಾತ ವಿಮಾನದ ತಂಡದವನಲ್ಲ, ಕದ್ದು ಹತ್ತಿದವನು. ಏಳೂ ಮನೆಯವರು ಒಪ್ಪಿದರೆ ಮಾತ್ರ ಎಂದರು ಮೇಡಂ. ಆರು ಮನೆಯವರು ಫೋನಿನಲ್ಲೇ ಒಪ್ಪಿದರು. ಉಳಿದವರು ಪೈಲಟನ ತಂಗಿ. ಅವರು ಫೋನಿನಲ್ಲಿ ಮಾತಾಡುವವರಲ್ಲ, ಭಾನುವಾರ ಹ್ಯಾಂಗರಿಗೇ ಬರುತ್ತೇನೆ ಎಂದರಂತೆ. ಅಜ್ಜಿಯೂ ಬರುತ್ತೇನೆಂದು ಹಟ ಹಿಡಿದಳು.

ಭಾನುವಾರ ಬೆಳಿಗ್ಗೆ ಅವಳನ್ನು ಕಾರಿನಲ್ಲಿ ಕರೆದೊಯ್ದು, ಗಾಲಿಕುರ್ಚಿಯಲ್ಲಿ ಕೂರಿಸಿ ಒಳಗೆ ತಳ್ಳಿಕೊಂಡು ಹೋದೆ. ಹ್ಯಾಂಗರಿನ ನೆಲದ ಮೇಲೆ ಪ್ಲಾಸ್ಟಿಕ್ ಹಾಸಿ ವಿಮಾನವನ್ನು ತುಂಡು ತುಂಡಾಗಿ, ಇದ್ದ ಕ್ರಮದಲ್ಲೇ ಜೋಡಿಸಿದ್ದರು. ಕೆಸರಿನ ವಾಸನೆ ಇನ್ನೂ ಹೋಗಿರಲಿಲ್ಲ. ಮೂಳೆಗಳನ್ನು ಬೇರೆ ಕಡೆ ಸಾಗಿಸಿ ಆಗಿತ್ತು, ಅಷ್ಟು ಪುಣ್ಯ.

ಮೇಡಂ ನಮ್ಮನ್ನು ಒಂದೊಂದೇ ತುಂಡಿನ ಬಳಿ ಕರೆದೊಯ್ದು ತೋರಿಸಿದರು. “ಎರಡು ಎಂಜಿನ್ ಸುಟ್ಟುಹೋಗಿವೆ. ಅದು ನಿಮ್ಮವರು ರಿಪೇರಿ ಮಾಡಿದ್ದಲ್ಲ, ಆಚೆ ಬದಿಯವು. ಗುಂಡು ಬಿದ್ದು ಹೊತ್ತಿಕೊಂಡಿರಬೇಕು. ನೋಡಿ, ಗನ್ನುಗಳೇ ಇಲ್ಲ. ವೈರ್‌ಲೆಸ್ ಪೆಟ್ಟಿಗೆಯೂ ಇಲ್ಲ. ಭಾರ ಕಡಿಮೆ ಆಗ್ಲಿ ಅಂತ ಎಲ್ಲಾ ಕಿತ್ತು ಹೊರಗೆ ಎಸೆದಿದ್ದಾರೆ. ಚಕ್ರ ಒಳಗೆ ಎಳ್ಕೊಂಡು ನೀರಿನ ಮೇಲೆ ಇಳಿಸೋಕೆ ನೋಡಿದ್ದಾರೆ.”

“ಅಂದ್ರೆ ಸಮಯ ಇತ್ತು” ಎಂದೆ.

“ಬೇಕಾದಷ್ಟಿತ್ತು. ನನಗೆ ಅರ್ಥ ಆಗದೇ ಇರೋದು ಅದೇ. ತಂಡದ ಏಳು ಪ್ಯಾರಾಚೂಟೂ ಇಟ್ಟ ಜಾಗದಲ್ಲೇ ಇದ್ವು. ಯಾರೂ ಮುಟ್ಟೇ ಇಲ್ಲ. ಹಾರೋ ಬಾಗಿಲು ಒಳಗಿಂದ ತೆಗೆದಿದೆ. ಬಾಗಿಲು ತೆಗೆದವರು ಯಾಕೆ ಹಾರ್ಲಿಲ್ಲ?” ಮೇಡಂ ಮುಂದೆ ನಡೆದರು. “ಬಾಗಿಲ ಹತ್ರ ನಿಮ್ಮವರು ಸಿಕ್ಕಿದ್ದು. ಪಕ್ಕದಲ್ಲಿ ಇದು.”

ಗಾಜಿನ ಪೆಟ್ಟಿಗೆಯೊಳಗೆ ಒಂದು ಪ್ಯಾರಾಚೂಟು ಚೀಲ ಬಾಯಿ ತೆರೆದು ಬಿದ್ದಿತ್ತು. ಒಳಗಿನಿಂದ ಕೆಸರು ಬಣ್ಣದ ದಪ್ಪ ಬಟ್ಟೆಯೊಂದು ಅರ್ಧ ಹೊರಗೆ ಬಂದಿತ್ತು.

“ಕಂಬಳಿ” ಎಂದರು ಮೇಡಂ. “ಪ್ಯಾರಾಚೂಟಲ್ಲ. ಹೊಸಬರಿಗೆ ಕೊಕ್ಕೆ ಹಾಕೋದು ಕಲಿಸೋಕೆ ಇಟ್ಕೊಂಡಿರ್ತಿದ್ರಂತೆ, ಒಳಗೆ ಕಂಬಳಿ ತುಂಬಿ. ಅದು ಹೇಗೋ ಅಪ್ಪಿತಪ್ಪಿ ವಿಮಾನಕ್ಕೆ ಬಂದಿದೆ.”

ಹೊರಗೆ ಕಾರು ನಿಂತ ಸದ್ದಾಯಿತು. ಪೈಲಟನ ತಂಗಿ ಬಂದರೆಂದು ಮೇಡಂ ಬಾಗಿಲಿಗೆ ಓಡಿದರು. ಅಜ್ಜಿ ನನ್ನ ಕೈ ಹಿಡಿದು ಕುರ್ಚಿಯನ್ನು ಪೆಟ್ಟಿಗೆಯ ಹತ್ತಿರಕ್ಕೆ ತಳ್ಳಿಸಿಕೊಂಡಳು. ಮೂಗು ಗಾಜಿಗೆ ತಾಗುವಷ್ಟು ಬಗ್ಗಿದಳು.

“ಇದು ಅಪ್ಪಿತಪ್ಪಿ ಬಂದಿದ್ದಲ್ಲ ಕಣೇ. ನಾನೇ ಕೊಟ್ಟಿದ್ದು.”

ನನಗೆ ಮೊದಲು ಅರ್ಥವಾಗಲಿಲ್ಲ.

“ಮಧ್ಯಾಹ್ನ ಶೆಡ್ಡಿಗೆ ಬಂದ. ಒಂದು ಪ್ಯಾರಾಚೂಟು ಕೊಡೇ, ಯಾಕೆ ಅಂತ ಕೇಳ್ಬೇಡ ಅಂದ. ನಗ್ತಿದ್ದ. ಆಗ ಎಲ್ಲಾ ಗಂಡಸರಿಗೂ ರೇಷ್ಮೆ ಹುಚ್ಚು. ಹೆಂಡ್ತಿಗೆ ಲಂಗ, ಮಗೂಗೆ ಅಂಗಿ ಅಂತ ನಮ್ಮ ಪ್ರಾಣ ತಿಂತಿದ್ರು. ಇವನಿಗೂ ಹುಟ್ಟೋ ಮಗೂಗೆ ರೇಷ್ಮೆ ಅಂಗಿ ಹೊಲಿಸೋ ಆಸೆ, ನಾನು ಬೇಡ, ಸಿಕ್ಕಿಬಿದ್ರೆ ಕೆಲಸ ಹೋಗುತ್ತೆ ಅಂತಿದ್ದೆ. ಮತ್ತೆ ಅದಕ್ಕೇ ಬಂದಿದ್ದಾನೆ ಅಂದ್ಕೊಂಡೆ. ಸಿಟ್ಟೂ ಬಂತು, ನಗೂನೂ ಬಂತು. ತಗೋ ಮಹಾರಾಯ ಅಂತ ಕಲಿಸೋ ಚೀಲ ಎತ್ತಿ ಕೊಟ್ಟೆ. ಮನೆಗೆ ತಂದು ಬಿಚ್ಚಲಿ, ಕಂಬಳಿ ನೋಡಿ ಮುಖ ಹೆಂಗೆ ಮಾಡ್ತಾನೋ ಅಂತ ದಾರಿಯುದ್ದಕ್ಕೂ ನಕ್ಕೊಂಡು ಬಂದೆ.”

“ಅಜ್ಜಿ…”

“ಅವನು ಬರ್ಲಿಲ್ಲ. ಓಡಿಹೋದ ಅಂದ್ರು. ಪ್ಯಾರಾಚೂಟು ಮಾರ್ಕೊಂಡು ಓಡೋಕೆ ಕೇಳಿದ್ದ ಅಂದ್ಕೊಂಡೆ. ಮಾರೋಕೆ ಹೋಗಿ ಬಿಚ್ಚಿದಾಗ ಕಂಬಳಿ ಸಿಕ್ಕಿರುತ್ತೆ, ಸರಿಯಾಗಾಯ್ತು ಅಂತ ಇಷ್ಟು ವರ್ಷ ಅಂದ್ಕೊಂಡಿದ್ದೇನೆ ಕಣೇ. ಪ್ರತಿ ದಿನ ಅಂದ್ಕೊಂಡಿದ್ದೇನೆ.”

 ನಾನು ಬಾಗಿಲ ಕಡೆ ನೋಡಿದೆ, ಮೇಡಂ ಇನ್ನೂ ಹೊರಗೇ ಇದ್ದರು. ಅಜ್ಜಿಯ ಮಾತು ಮುಗಿದಿರಲಿಲ್ಲ. ದನಿ ಒಂದಿಷ್ಟೂ ನಡುಗುತ್ತಿರಲಿಲ್ಲ, ನನಗೆ ಹೆದರಿಕೆಯಾದದ್ದು ಅದರಿಂದಲೇ.

“ಆ ಏಳು ಹುಡುಗರು ನನಗೆ ಗೊತ್ತು. ಪ್ಯಾರಾಚೂಟು ತಗೊಳ್ಳೋಕೂ ಒಟ್ಟಿಗೇ ಬರೋರು. ಒಬ್ಬನಿಗೆ ಜ್ವರ ಬಂದ್ರೆ ಉಳಿದ ಆರು ಜನಾನೂ ಹಾರಲ್ಲ ಅಂತ ಕೂರೋರು, ಬೈಸಿಕೊಳ್ಳೋರು. ಹಾರೋಕೆ ಅಂತ ಬಾಗಿಲು ತೆಗ್ದಿದ್ದಾರೆ. ಇವನ ಚೀಲ ಬಿಚ್ಕೊಂಡಿದೆ. ಅದಕ್ಕೆ ಬರೀ ಗುಂಡಿ ಇತ್ತು, ಕೈ ತಾಗಿದ್ರೆ ಬಿಚ್ಕೊಳ್ತಿತ್ತು. ಕಂಬಳಿ ಕಂಡಿದೆ. ಏಳು ಜನಕ್ಕೂ ಇತ್ತು, ಇವನಿಗಿರ್ಲಿಲ್ಲ. ಇವನನ್ನ ಬಿಟ್ಟು ಹಾರೋಕೆ ಅವರಿಂದ ಆಗ್ಲಿಲ್ಲ. ಎಲ್ಲಾ ಎಸೆದು, ಭಾರ ಕಡಿಮೆ ಮಾಡ್ಕೊಂಡು, ಕೆರೆ ತನಕ ತಂದಿದ್ದಾರೆ.”

ಅಜ್ಜಿಯ ಮಾತಿನಲ್ಲಿ ತಪ್ಪು ಹುಡುಕುತ್ತಾ ಸುತ್ತ ನೋಡಿದೆ.  ಗನ್ನು ಇಲ್ಲದ ಜಾಗ, ಮುಟ್ಟದ ಪ್ಯಾರಾಚೂಟುಗಳು, ತೆರೆದ ಬಾಗಿಲು, ಎಲ್ಲವೂ ಕಣ್ಣೆದುರಿಗೇ ಇದ್ದವು. ಮೇಡಂಗೆ ಅರ್ಥವಾಗದ್ದು ನಮಗೆ ಅರ್ಥವಾಗಿಹೋಗಿತ್ತು.

“ಯಾರಿಗೂ ಹೇಳ್ಬೇಡ” ಎಂದೆ. ಅದು ನನ್ನದೇ ದನಿ ಅನ್ನಿಸಲಿಲ್ಲ. “ಅಜ್ಜಿ, ಕೈ ಮುಗೀತೀನಿ. ಇವತ್ತು ಅವರು ಹೂಂ ಅಂದ್ರೆ ತಾತನ ಹೆಸರು ಕಲ್ಲಿನ ಮೇಲೆ ಬರುತ್ತೆ. ಅಪ್ಪ ಅದಕ್ಕೋಸ್ಕರ ಜೀವನ ಪೂರ್ತಿ ಒದ್ದಾಡಿದ. ನೀನು ಸುಮ್ನಿರು, ಅಷ್ಟು ಸಾಕು.”

ಅಜ್ಜಿ ಗಾಜಿನೊಳಗಿನ ಕಂಬಳಿಯನ್ನೇ ನೋಡುತ್ತಿದ್ದಳು.

ಪೈಲಟನ ತಂಗಿ ಕೋಲೂರಿಕೊಂಡು ಬಂದರು. ಸಣಕಲು ಮೈ, ನೆಟ್ಟಗಿನ ಬೆನ್ನು, ಹಿಂದೆ ಶಾಲೆಯಲ್ಲಿ ಲೆಕ್ಕ ಹೇಳಿಕೊಡುತ್ತಿದ್ದವರಂತೆ. ಅಣ್ಣ ಸತ್ತಾಗ ಅವರಿನ್ನೂ ಪುಟ್ಟ ಹುಡುಗಿ. ನನ್ನ ಕಡೆ ನೋಡಲೂ ಇಲ್ಲ, ನೇರ ಅಜ್ಜಿಯ ಎದುರಿನ ಕುರ್ಚಿಯಲ್ಲಿ ಕೂತು ಅವಳ ಎರಡೂ ಕೈ ಹಿಡಿದುಕೊಂಡರು.

“ನಿಮಗೆ ಈ ಊರು ಭಾಳ ಅನ್ಯಾಯ ಮಾಡ್ತು” ಎಂದರು. “ನಾವೂ ಮಾಡಿದ್ವಿ. ನಮ್ಮಮ್ಮ ನಿಮ್ಮನ್ನ ಬಾಯಿಗೆ ಬಂದ ಹಾಗೆ ಅಂದಿದ್ದಳು, ಕಲ್ಲಿನ ಹತ್ರ. ನಾನು ಅಲ್ಲೇ ಇದ್ದೆ. ಹೆಸರು ಕೆತ್ತಿಸೋಕೆ ನನ್ನದೇನೂ ಅಡ್ಡಿಯಿಲ್ಲ. ಅದನ್ನ ನಿಮ್ಮ ಮುಖ ನೋಡಿಯೇ ಹೇಳ್ಬೇಕು ಅಂತ ಬಂದೆ.”

ಮೇಡಂ ಕಣ್ಣೊರೆಸಿಕೊಂಡರು. ನಾನು ಉಸಿರು ಬಿಟ್ಟೆ. ಕೆಲಸ ಆಯಿತು, ಇನ್ನು ಅಜ್ಜಿಯನ್ನು ಬೇಗ ಮನೆಗೆ ಕರೆದೊಯ್ಯಬೇಕು ಎಂದು ಗಾಲಿಕುರ್ಚಿಯ ಹಿಡಿಗೆ ಕೈ ಹಾಕಿದೆ. ಆದರೆ ಪೈಲಟನ ತಂಗಿ ಅಜ್ಜಿಯ ಕೈ ಬಿಡಲಿಲ್ಲ.

“ಕೆರೆಯಿಂದ ವಿಮಾನ ಎತ್ತಿದಾಗಿನಿಂದ ನನಗೆ ನಿದ್ದೆಯಿಲ್ಲ” ಎಂದರು. ನೆಟ್ಟಗಿದ್ದ ಬೆನ್ನು ಆಗ ಸ್ವಲ್ಪ ಬಾಗಿತು. “ಎಲ್ಲೋ ದೂರದಲ್ಲಿ, ಒಂದು ಕ್ಷಣದಲ್ಲಿ ಮುಗೀತು ಅಂದ್ಕೊಂಡಿದ್ವಿ. ಇಲ್ಲಿ ನೋಡಿದ್ರೆ ಸಮಯ ಇತ್ತು, ಪ್ಯಾರಾಚೂಟು ಇತ್ತು. ಹಾರಿ ಅಂತ ಹೇಳೋದು ಪೈಲಟ್ ಕೆಲಸ. ನಮ್ಮಣ್ಣ ಹೇಳ್ಲಿಲ್ವಾ? ಹೆದರಿ ಬಾಯಿ ಕಟ್ಟಿಹೋಯ್ತಾ? ಉಳಿದವರನ್ನೆಲ್ಲ ಅವನೇ ಕೊಂದನಾ? ಆ ಆರು ಮನೆಯವರು ನನ್ನ ಕೇಳಲ್ಲ, ಒಳ್ಳೆಯವರು. ಆದ್ರೆ ಅವರ ಮನಸ್ಸಿನಲ್ಲಿ ಅದೇ ಇರುತ್ತೆ.”

ನಾನು ಅಜ್ಜಿಯ ಭುಜವನ್ನು ಒತ್ತಿದೆ. ಅವಳಿಗೆ ಖಂಡಿತ ನೋವಾಗಿರಬೇಕು, ಅಷ್ಟು ಜೋರಾಗಿ ಒತ್ತಿದೆ.

“ನಿಮ್ಮಣ್ಣ ಹೆದರಲಿಲ್ಲಮ್ಮ” ಎಂದಳು ಅಜ್ಜಿ. ಆಮೇಲೆ ಎಲ್ಲವನ್ನೂ ಹೇಳಿದಳು. ರೇಷ್ಮೆ, ಚೀಲ, ಕಂಬಳಿ, ದಾರಿಯುದ್ದಕ್ಕೂ ನಕ್ಕದ್ದು. ಒಂದನ್ನೂ ಬಿಡಲಿಲ್ಲ, ಒಂದಕ್ಕೂ ನೆಪ ಹೇಳಲಿಲ್ಲ. “ನನ್ನ ಗಂಡನಿಗೆ ಪ್ಯಾರಾಚೂಟು ಇಲ್ಲ ಅಂತ ನಿಮ್ಮಣ್ಣ ಹಾರಲಿಲ್ಲ. ಅವನು ಹಾರಲಿಲ್ಲ ಅಂತ ಬೇರೆಯವರೂ ಹಾರಲಿಲ್ಲ. ಅಷ್ಟೇ ಆಗಿರೋದು. ಒಬ್ಬನನ್ನ ನಗಿಸೋಣ ಅಂತ ಹೋದೆ.”

ಮೇಡಂ ಬಾಯಿಯ ಮೇಲೆ ಕೈ ಇಟ್ಟುಕೊಂಡರು. ಪೈಲಟನ ತಂಗಿ ಅಲುಗಾಡಲಿಲ್ಲ. ಕೈ ಇನ್ನೂ ಅಜ್ಜಿಯ ಕೈಯಲ್ಲೇ ಇತ್ತು. ತಿರುಗಿ ಗಾಜಿನ ಪೆಟ್ಟಿಗೆಯನ್ನು ನೋಡಿದರು, ಮತ್ತೆ ಅಜ್ಜಿಯನ್ನು ನೋಡಿದರು.

“ಕಂಬಳಿನಾ?” ಎಂದರು.

“ಹೂಂನಮ್ಮ.”

ಅವರ ಗಂಟಲಿನಿಂದ ಒಂದು ಸದ್ದು ಬಂತು. ನಗುವೋ ಅಳುವೋ, ನನಗೆ ತಿಳಿಯಲಿಲ್ಲ. ಬೆರಳುಗಳನ್ನು ಒಂದೊಂದಾಗಿ ಬಿಡಿಸಿಕೊಂಡು ಕೋಲು ಹುಡುಕಿ ಎದ್ದರು. ಮೇಡಂ ಹಿಡಿಯಲು ಹೋದರೆ ಬೇಡವೆಂದು ಕೈಯಾಡಿಸಿದರು.

“ಹೆಸರು ಕೆತ್ತಿಸಿ” ಎಂದರು ಮೇಡಂಗೆ. “ಇವರ ಗಂಡನ್ನ ಬಿಟ್ಟು ಬರೋಕೆ ಆಗಲ್ಲ ಅಂತ ನಮ್ಮಣ್ಣ ತೀರ್ಮಾನ ಮಾಡಿದ್ದಾನೆ. ಅದನ್ನ ಬದಲಾಯಿಸೋಕೆ ನಾನು ಯಾರು? ಇವರ ಗಂಡನ ಹೆಸರು ಅಲ್ಲಿರಬೇಕು.”

ಆಮೇಲೆ ಅಜ್ಜಿಯ ಕಡೆ ತಿರುಗಿದರು. ದನಿ ಏರಿಸಲಿಲ್ಲ.

“ನೀವು ಮಾತ್ರ ಅಲ್ಲಿಗೆ ಬರ್ಬೇಡಿ. ನಾನು ಬದುಕಿರೋ ತನಕ ಬರ್ಬೇಡಿ. ನನಗೆ ನೋಡೋಕೆ ಆಗಲ್ಲ.”

ನನ್ನ ತಲೆಗೆ ರಕ್ತ ನುಗ್ಗಿತು. ತೊಂಬತ್ತು ದಾಟಿದವಳಿಗೆ ಹಾಗೆ ಹೇಳುವುದೇ? ತಾನಾಗಿ ಬಾಯಿಬಿಟ್ಟು ಹೇಳಿದವಳಿಗೆ? ಏನಾದರೂ ಅನ್ನಬೇಕೆಂದು ಒಂದು ಹೆಜ್ಜೆ ಮುಂದಿಟ್ಟೆ. ಅವರ ಮುಖ ನೋಡಿ ಅಲ್ಲೇ ನಿಂತೆ. ಅಲ್ಲಿ ಸಿಟ್ಟು ಇರಲಿಲ್ಲ. ಅಣ್ಣ ಸತ್ತ ಸುದ್ದಿಯನ್ನು ಆಗಷ್ಟೇ ಕೇಳಿದ ಪುಟ್ಟ ಹುಡುಗಿಯ ಮುಖ ಅದು.

“ಇಲ್ಲಮ್ಮ, ಬರಲ್ಲ” ಎಂದಳು ಅಜ್ಜಿ.

ಅವರು ಕೋಲೂರಿಕೊಂಡು ಹೋದರು. ಮೇಡಂ ಅವರ ಹಿಂದೆಯೇ ಹೊರಟರು. ನಾನು ಅಜ್ಜಿಯನ್ನು ಎತ್ತಿ ಕಾರಿನಲ್ಲಿ ಕೂರಿಸಿದೆ. ಬೆಲ್ಟು ಹಾಕುವಾಗ ಅವಳ ಮೈ ತಣ್ಣಗಿರುವುದು ಗೊತ್ತಾಯಿತು. ನನ್ನ ಸ್ವೆಟರ್ ಬಿಚ್ಚಿ ಹೊದಿಸಲು ಹೋದರೆ ಬೇಡವೆಂದು ತಳ್ಳಿದಳು. ಗೇಟಿನಿಂದ ಬಲಕ್ಕೆ ತಿರುಗಿದರೆ ಕಲ್ಲು. ನಾನು ಎಡಕ್ಕೆ ತಿರುಗಿಸಿ ಅಪ್ಪ ಹೋಗುತ್ತಿದ್ದ ಸುತ್ತುದಾರಿ ಹಿಡಿದೆ.

 ಮಾರುಕಟ್ಟೆಯ ಸಿಗ್ನಲಿನಲ್ಲಿ ಕೆಂಪು ಬಿದ್ದು ನಿಂತಾಗ ಅಜ್ಜಿ ನನ್ನ ಕಡೆ ತಿರುಗಿದಳು. ಅವಳ ಮುಖದಲ್ಲಿ ನಾನು ಎಂದೂ ಕಾಣದ ಹತ್ತೊಂಬತ್ತರ ಹುಡುಗಿಯೊಬ್ಬಳು ಉತ್ತರಕ್ಕಾಗಿ ಕಾಯುತ್ತಿದ್ದಳು.

“ಕಂಬಳಿ ನೋಡಿದಾಗ ನಾನೇ ಕೊಟ್ಟಿದ್ದು ಅಂತ ಅವನಿಗೆ ಗೊತ್ತಾಗಿರುತ್ತೆ ಅಲ್ವಾ? ತಮಾಷೆಗೆ ಕೊಟ್ಟಿದ್ದು ಅಂತ ಗೊತ್ತಾಗಿರುತ್ತಾ? ಇಲ್ಲಾ, ಸಾಯಲಿ ಅಂತ ಕೊಟ್ಟಳು ಅಂದ್ಕೊಂಡನಾ?”

ಹಸಿರು ಬಿತ್ತು. ಹಿಂದಿನವರು ಹಾರ್ನ್ ಹೊಡೆಯತೊಡಗಿದರು. ಗೊತ್ತಿಲ್ಲ ಅಜ್ಜಿ, ಎಂದೆ.